ಹದಿನಾಲ್ಕನೆಯ ಪುಟದ ತಿದ್ದುಪಡಿ

ವೇದಿಕೆಯ ನಡುವೆ ಕುಳಿತು ಗಡಿಯಾರವನ್ನೊಮ್ಮೆ ನನ್ನನ್ನೊಮ್ಮೆ ನೋಡುತ್ತಿರುವ ಅಧ್ಯಕ್ಷರೇ. ಇಂದಿನ ಊಟ, ಹೂವು, ಬ್ಯಾನರು ಮತ್ತು ನನ್ನ ತಲೆಯ ಮೇಲಿರುವ ಈ ಪೇಟ, ಇಷ್ಟನ್ನೂ ಪ್ರಾಯೋಜಿಸಿರುವ ಮುಖ್ಯ ಅತಿಥಿಗಳೂ ದ್ವೀಪೋದ್ಯಮಿಗಳೂ ಆದ ಶ್ರೀ ತಾರಾನಾಥಣ್ಣನವರೇ. ಕಾರ್ಯಕ್ರಮವನ್ನು ಅಚ್ಚುಕಟ್ಟಾಗಿ ನಿರೂಪಿಸುತ್ತಿರುವ ಜಯಲತಾ ಅವರೇ. ಠಾಣೆಯಿಂದ ಸ್ಲೋ ಲೋಕಲ್ ಹಿಡಿದು, ಕಾಮೋಠೆಯಿಂದ ಎರಡು ಬಸ್ಸು ಬದಲಿಸಿ, ಡೊಂಬಿವಲಿಯ ಈ ಸಭಾಗೃಹ ತಲುಪಿರುವ, ಕಡಲ ಹಿನ್ನೀರಿಗೆ ಖಾಡಿ ಎನ್ನುವ ಈ ಸೀಮೆಯ ಖಾಡಿತೀರ ಕನ್ನಡ ಬಳಗದ ಬಂಧುಗಳೇ. ಊಟದ ಕೂಪನ್ ಜೇಬಿನಲ್ಲಿದೆಯೋ ಇಲ್ಲವೋ ಎಂದು ಆಗಾಗ ಮುಟ್ಟಿ ನೋಡಿಕೊಳ್ಳುತ್ತಿರುವ ಸಭಿಕರೇ,

ಸನ್ಮಾನಿತರು ಉತ್ತರ ರೂಪವಾಗಿ ಎರಡು ಮಾತು ಆಡಬೇಕು ಎಂದು ಜಯಲತಾ ಅವರು ಅಪ್ಪಣೆ ಕೊಡಿಸಿದ್ದಾರೆ. ಐದು ನಿಮಿಷ. ಎರಡು ಮಾತಿಗೆ ಐದು ನಿಮಿಷ ಧಾರಾಳವಾಯಿತು ಎಂದು ನಿಮಗನ್ನಿಸಬಹುದು. ಆದರೆ ನಾನು ಮೂವತ್ತು ವರ್ಷಗಳಿಂದ ಈ ಬಳಗದ ಮಾಸಪತ್ರಿಕೆ ‘ಖಾಡಿವಾಣಿ’ಯ ಸಂಪಾದಕ. ಎರಡು ಮಾತನ್ನು ಎರಡು ಪುಟ ಮಾಡುವುದೇ ನನ್ನ ಕಸುಬು.

ಮೊದಲಿಗೆ, ಈಗ ತಾನೆ ಜಯಲತಾ ಅವರು ಗದ್ಗದಿತರಾಗಿ ಓದಿದ ಸನ್ಮಾನ ಪತ್ರದ ಬಗ್ಗೆ. ಎಂಥ ಭಾಷೆ! ‘ಲೇಖನಿಯನ್ನೇ ಖಡ್ಗವಾಗಿಸಿಕೊಂಡ ನಿರ್ಭೀತ ಪತ್ರಕರ್ತ ಶ್ರೀ ಗುಣಕರ ಅವರೇ...’ ನೀವು ಚಪ್ಪಾಳೆ ತಟ್ಟಿದಿರಿ. ನನಗೂ ತಟ್ಟಬೇಕೆನಿಸಿತು, ಆದರೆ ಒಂದು ಕೈಯಲ್ಲಿ ಹಣ್ಣಿನ ಬುಟ್ಟಿ ಇತ್ತು. ಸಭಿಕರೇ, ಈ ಬಳಗದಲ್ಲಿ ಯಾರಿಗೆ ಸನ್ಮಾನವಾದರೂ ಪತ್ರ ಬರೆಯುವವನು ನಾನು. ನಲವತ್ತೊಂದು ಪತ್ರ ಬರೆದಿದ್ದೇನೆ. ಈ ಸಲ ಸನ್ಮಾನ ನನಗೇ ಎಂದು ತೀರ್ಮಾನವಾದಾಗ ಕಾರ್ಯದರ್ಶಿಯವರು ಫೋನ್ ಮಾಡಿದರು. “ಗುಣಕರಣ್ಣ, ಅಭಿನಂದನೆಗಳು. ಪತ್ರ ಗುರುವಾರದೊಳಗೆ ಕಳಿಸಿ, ಫ್ರೇಮಿಗೆ ಕೊಡಬೇಕು.” ಹಾಗಾಗಿ ಇದೂ ನನ್ನದೇ ಬರಹ. ಬೇರೆಯವರ ಕೈಗೆ ಕೊಟ್ಟರೆ ಕಾಗುಣಿತ ತಪ್ಪುತ್ತಾರೆ ಎಂಬ ಒಂದೇ ಕಾರಣಕ್ಕೆ ಒಪ್ಪಿದೆ ಎಂದು ಹೇಳಿದರೆ ನೀವು ನಂಬುವುದಿಲ್ಲ. ನಂಬಬೇಡಿ.

‘ನಿರ್ಭೀತ’ ಎಂಬ ಪದ ಮಾತ್ರ ಅಭ್ಯಾಸಬಲದಿಂದ ಬಂತು. ಹಿಂದೆ ಕೊಬ್ಬರಿ ವ್ಯಾಪಾರಿಯೊಬ್ಬರಿಗೂ ಅದನ್ನೇ ಹಾಕಿದ್ದೆ. ಅವರು ಯಾವುದಕ್ಕೆ ಹೆದರದೆ ಇದ್ದರೋ ನನಗೆ ಇಂದಿಗೂ ತಿಳಿದಿಲ್ಲ. ಆದರೆ ನನ್ನ ವಿಷಯದಲ್ಲಿ ಆ ಪದಕ್ಕೆ ಒಂದು ತಿದ್ದುಪಡಿ ಬೇಕಾಗಿದೆ. ಅದನ್ನು ಮಾಡಲಿಕ್ಕೇ ಈ ಐದು ನಿಮಿಷವನ್ನು ಒಪ್ಪಿಕೊಂಡಿದ್ದು. ‘ಖಾಡಿವಾಣಿ’ ಶುರುವಾದಾಗಿನಿಂದ ಒಂದೇ ಒಂದು ತಿದ್ದುಪಡಿ ಪ್ರಕಟಿಸಿಲ್ಲ. ತಪ್ಪೇ ಆಗಿಲ್ಲವೆಂದಲ್ಲ. ಒಮ್ಮೆ ಬದುಕಿದ್ದವರೊಬ್ಬರಿಗೆ ಶ್ರದ್ಧಾಂಜಲಿ ಪ್ರಕಟಿಸಿದ್ದೆವು. ಅವರು ಬಳಗದ ಕಚೇರಿಗೆ ಬಂದು ಕೂತರು. ನಾವು ಚಹಾ ಕೊಟ್ಟೆವು, ಮುಂದಿನ ತಿಂಗಳು ಅವರ ಸಂದರ್ಶನ ಹಾಕಿದೆವು. ತಿದ್ದುಪಡಿ ಹಾಕಲಿಲ್ಲ.

ನಮ್ಮ ಪತ್ರಿಕೆಯಲ್ಲಿ ‘ಉದ್ಯಮಿ ಪರಿಚಯ’ ಎಂಬ ಅಂಕಣ ಇರುವುದು ನಿಮಗೆಲ್ಲ ಗೊತ್ತು. ನಿಮ್ಮಲ್ಲಿ ಅರ್ಧ ಜನ ಅದರಲ್ಲಿ ಬಂದವರು, ಉಳಿದರ್ಧ ಜನ ಬರಲು ಕಾದವರು. ಅದಕ್ಕೊಂದು ಅಚ್ಚಿದೆ. ಮೊದಲ ಪ್ಯಾರಾದಲ್ಲಿ ಉದ್ಯಮಿ ಬಡಮನೆಯಲ್ಲಿ ಹುಟ್ಟುತ್ತಾರೆ. ಎರಡನೆಯದರಲ್ಲಿ ಉಟ್ಟ ಬಟ್ಟೆಯಲ್ಲಿ ಮುಂಬೈಗೆ ಬರುತ್ತಾರೆ. ಮೂರರಲ್ಲಿ ಬೆವರು, ನಾಲ್ಕರಲ್ಲಿ ದೇವರು. ಕೊನೆಯ ಪ್ಯಾರಾದಲ್ಲಿ ಒಬ್ಬ ಕೆಲಸಗಾರ ಬರಬೇಕು. ಧಣಿಯ ಔದಾರ್ಯ ನೆನೆದು ಅವನ ಕಣ್ಣಲ್ಲಿ ನೀರು ಬರಬೇಕು. ಬಾರದಿದ್ದರೆ ಓದುಗರು ಫೋನ್ ಮಾಡಿ ಕೇಳುತ್ತಾರೆ, “ಯಾಕೆ ಮಾರಾಯ್ರೇ, ಈ ಸಲ ಚಪ್ಪೆ?” ಆ ಕಣ್ಣೀರನ್ನು ಬಹುಪಾಲು ನಾನೇ ಸುರಿಸಿದ್ದೇನೆ, ಡೊಂಬಿವಲಿಯಿಂದ ಠಾಣೆಗೆ ಹೋಗುವ ಲೋಕಲ್‌ನಲ್ಲಿ, ಕಿಟಕಿ ಪಕ್ಕ ಸೀಟು ಸಿಕ್ಕಿದ ದಿನ.

ಈ ಅಂಕಣಕ್ಕಾಗಿ ಎರಡು ವರ್ಷದ ಹಿಂದೆ ನಾನು ಮೊದಲ ಸಲ ಶಿಂಪಲಾ ಬೇಟಕ್ಕೆ ಹೋದೆ. ಬೇಟವೆಂದರೆ ದ್ವೀಪ. ಪನವೇಲ್ ದಾಟಿ ಜೆಟ್ಟಿ, ಜೆಟ್ಟಿಯಿಂದ ಬೋಟಿನಲ್ಲಿ ಮುಕ್ಕಾಲು ಗಂಟೆ. ಅಲ್ಲಿ ತಾರಾನಾಥಣ್ಣನವರ ರೆಸಾರ್ಟು. ಹಗಲಿನಲ್ಲಿ ನೀವೂ ನೋಡಿದ್ದೀರಿ. ಬಳಗದ ಮಹಿಳಾ ವಿಭಾಗದ ಪಿಕ್ನಿಕ್ ಅಲ್ಲೇ ಆಗಿದ್ದು. ಉಯ್ಯಾಲೆ, ಜಾರುಬಂಡೆ, ನೀರುದೋಸೆ, ಮಕ್ಕಳಿಗೆ ಒಂಟೆ. ಸಮುದ್ರದ ನಡುವೆ ಒಂಟೆ ಯಾಕೆಂದು ಕೇಳಬೇಡಿ, ಒಂಟೆಯೂ ಅದನ್ನೇ ಕೇಳುತ್ತಿರುವ ಹಾಗಿತ್ತು. ಸಂಜೆ ಆರಕ್ಕೆ ಸಂಸಾರಸ್ಥರ ಕೊನೆಯ ಬೋಟು ಹೊರಡುತ್ತದೆ. ಎಂಟಕ್ಕೆ ಇನ್ನೊಂದು ಬೋಟು ಬರುತ್ತದೆ. ಅದಕ್ಕೆ ದೀಪ ಇರುವುದಿಲ್ಲ. ಮಹಿಳಾ ವಿಭಾಗ ಅದನ್ನು ನೋಡಿಲ್ಲ. ನಾನು ನೋಡಿದ್ದೇನೆ.

ಜಯಲತಾ ಅವರು ಒಂದು ಚೀಟಿ ಕೊಟ್ಟಿದ್ದಾರೆ. ‘ಸಮಯ.’ ಹೌದು ತಾಯಿ, ಸಮಯ ಬಂದಿದೆ, ಅದಕ್ಕೇ ಮಾತಾಡುತ್ತಿದ್ದೇನೆ.

ದೀಪವಿಲ್ಲದ ಬೋಟಿನಲ್ಲಿ ಬರುವವರು ಯಾರು? ದೊಡ್ಡ ಗಡಿಯಾರ ಕಟ್ಟಿದವರು, ಹೆಸರು ಹೇಳದವರು. ಒಂಟೆ ಕಟ್ಟುವ ಜಾಗದ ಹಿಂದೆ ಒಂದು ಹಾಲ್ ಇದೆ. ಹಗಲಿನಲ್ಲಿ ಅದಕ್ಕೆ ‘ಯೋಗ ಕೇಂದ್ರ’ ಎಂದು ಬೋರ್ಡು. ರಾತ್ರಿ ಅಲ್ಲಿ ಇಸ್ಪೀಟು, ಕುಡಿತ, ಪುಡಿ. ಮೂಗಿನಿಂದ ಸೇದುವ ಪುಡಿ. ಪ್ರಾಣಾಯಾಮವೆಂದೇ ಇಟ್ಟುಕೊಳ್ಳಿ.

ಅಂಥ ಜಾಗದಲ್ಲಿ ನಿರ್ಭೀತ ಪತ್ರಕರ್ತ ಏನು ಮಾಡಿದ? ಊಟ ಮಾಡಿದ. ಸಭಿಕರೇ, ಕಾಣೆ ಮೀನಿನ ರವಾ ಫ್ರೈ ಆ ಬೇಟದಲ್ಲಿ ಹೇಗೆ ಮಾಡುತ್ತಾರೆಂದರೆ, ಮನುಷ್ಯನ ನೈತಿಕ ಶಕ್ತಿ ಎರಡನೆಯ ತುಂಡಿಗೇ ಕುಗ್ಗುತ್ತದೆ. “ಗುಣಕರಣ್ಣ, ನೀವೊಂದು ರಾತ್ರಿ ನಿಲ್ಲಲೇಬೇಕು. ನಿಮ್ಮಂಥವರು ಬಂದರೆ ನಮಗೊಂದು ಘನತೆ ಅಲ್ವಾ?” ಎಂದರು ತಾರಾನಾಥಣ್ಣ. ನಿಂತೆ. ಮುಂದಿನ ತಿಂಗಳು ಮತ್ತೆ ಕರೆದರು, ಹೋದೆ. ಮೂರನೆಯ ಸಲ ಹೋಗುವಾಗ ಒಂದು ಕೋಣೆಯ ಬಾಗಿಲಿಗೆ ‘ಸಂಪಾದಕರು’ ಎಂದು ಹಿತ್ತಾಳೆಯ ಫಲಕ ಹಾಕಿಸಿದ್ದರು. ಮೂವತ್ತು ವರ್ಷ ದುಡಿದ ‘ಖಾಡಿವಾಣಿ’ಯಲ್ಲಿ ನನಗಿರುವುದು ಬಳಗದ ಕಚೇರಿಯ ಕಪಾಟಿನ ಪಕ್ಕದ ಅರ್ಧ ಮೇಜು. ಹಿತ್ತಾಳೆಯನ್ನು ಕಂಡು ಕರಗಿದೆ. ನನ್ನ ಮಗಳು ಅಶ್ಮಿತಾ ಕನ್ನಡದಲ್ಲಿ ಕೇಳಿದ್ದಕ್ಕೆ ಹಿಂದಿಯಲ್ಲಿ ಉತ್ತರ ಕೊಡುವ ಪೈಕಿ. ಫಲಕದ ಫೋಟೋ ತೋರಿಸಿದಾಗ ಅವಳು ಹೇಳಿದ್ದು, “ಪಪ್ಪಾ, ಆಪ್ಕೋ ಖರೀದ್ ಲಿಯಾ ಕ್ಯಾ?” ನಿಮ್ಮನ್ನು ಕೊಂಡುಕೊಂಡರಾ ಎಂದು ಕೇಳಿದವಳನ್ನು ಭಾಷಾಭಿಮಾನ ಇಲ್ಲದ ಹುಡುಗಿ ಎಂದು ಬೈದೆ.

ಇಸ್ಪೀಟಿನ ಮೇಜಿನಲ್ಲಿ ನನಗೊಂದು ಕುರ್ಚಿ ಇತ್ತು. ನಾನು ಆಡಲಿಲ್ಲ. ಬರೀ ಕೂತಿದ್ದೆ. ಒಂದೆರಡು ಸಲ ಆಡಿರಬಹುದು. ಏಳು ಸಲ. ಆದರೆ ನನ್ನನ್ನು ಆಟಕ್ಕೆ ಕೂರಿಸಿದ್ದಲ್ಲ ಎನ್ನುವುದು ನನಗೆ ತಡವಾಗಿ ತಿಳಿಯಿತು. ಹೊಸದಾಗಿ ಬಂದವರು ಬಾಗಿಲಲ್ಲಿ ಅನುಮಾನದಿಂದ ನಿಂತರೆ ತಾರಾನಾಥಣ್ಣ ನನ್ನ ಕಡೆ ಕೈ ತೋರಿಸಿ, “ಯೇ ಹಮಾರೇ ಎಡಿಟರ್ ಸಾಬ್” ಎನ್ನುತ್ತಿದ್ದರು. ಪೇಪರಿನವನೇ ಒಳಗಿದ್ದಾನೆ ಎಂದರೆ ಇನ್ನು ಭಯವೇನು ಎಂದು ಅವರು ಚಪ್ಪಲಿ ಬಿಚ್ಚುತ್ತಿದ್ದರು. ನೌಪಾಡಾದ ಅಂಗಡಿಗಳ ಮುಂದೆ ಶನಿವಾರ ನಿಂಬೆಹಣ್ಣು, ಹಸಿಮೆಣಸಿನಕಾಯಿ ಪೋಣಿಸಿ ತೂಗುಹಾಕುತ್ತಾರಲ್ಲ, ನಾನು ಅದಾಗಿದ್ದೆ. ಒಂದೇ ವ್ಯತ್ಯಾಸವೆಂದರೆ ನಿಂಬೆಹಣ್ಣನ್ನು ವಾರಕ್ಕೊಮ್ಮೆ ಬದಲಿಸುತ್ತಾರೆ.

ನಗುತ್ತಿದ್ದೀರಿ. ನಗಿ. ನಾನೂ ಹೀಗೇ ನಗಿಸುತ್ತಿದ್ದೆ. ಆ ನಗುವಿನಿಂದ ಏನಾಯಿತು ಎಂದು ಹೇಳುತ್ತೇನೆ.

ಜೆಟ್ಟಿಯಲ್ಲಿ ಸಾಮಾನು ಇಳಿಸಲು ಮಾನಪ್ಪ ಎಂಬ ಹಮಾಲ ಇದ್ದ. ರಾಯಚೂರು ಕಡೆಯವನು. ದಿವಾದಲ್ಲಿ ಬಾಡಿಗೆ ಖೋಲಿ, ಹೆಂಡತಿ ಚಂದವ್ವ. ಹತ್ತು ದಿನ ಬೇಟದಲ್ಲಿ ಕೆಲಸ, ಎರಡು ದಿನ ಮನೆ. ನನ್ನ ಕನ್ನಡ ಕೇಳಿ ಅವನಿಗೆ ನನ್ನ ಮೇಲೆ ವಿಶ್ವಾಸ ಹುಟ್ಟಿತು. ಕನ್ನಡ ಮಾತಾಡುವವರನ್ನೆಲ್ಲ ನಂಬಬಾರದು ಎಂದು ಈ ಊರಿನಲ್ಲಿ ಹೊಸಬರಿಗೆ ಯಾರೂ ಹೇಳಿಕೊಡುವುದಿಲ್ಲ.

ಕಳೆದ ಫೆಬ್ರವರಿಯಲ್ಲಿ ಒಂದು ಸಂಜೆ ಅವನು ನನ್ನ ಕೋಣೆಯ ಹತ್ತಿರ ಬಂದ. ಹಿತ್ತಾಳೆಯ ಫಲಕದ ಪಕ್ಕ ನಿಂತು ಮೆಲ್ಲಗೆ ಹೇಳಿದ. “ಸಾಹೇಬ್ರ, ನಾ ಕಲ್ಲು ಹೊತ್ತೀನಿ, ಸಿಮೆಂಟ ಹೊತ್ತೀನಿ. ಮಸಾಲಿ ಹೊತ್ರ ಘಮ್ ಅನ್ನಬೇಕಲ್ರೀ? ಆ ಡಬ್ಬಿ ಮ್ಯಾಲ ಮಸಾಲಿ ಅಂತ ಬರದಾರ, ವಾಸನಿನ ಇಲ್ಲ. ನಿನ್ನೆ ಒಂದು ಒಡೀತು. ಒಳಗ ಬಿಳೇ ಪುಡಿ, ಗುಳಿಗಿ. ನೀವು ಪೇಪರ್‌ನಾಗ ಬರಿಯೋರಂತ. ಇದನ್ನ ಬರೀರಿ. ನನ್ನ ಹೆಸರು ಮಾತ್ರ ಹಾಕಬ್ಯಾಡ್ರಿ.”

ಮೂವತ್ತು ವರ್ಷದಲ್ಲಿ ನನ್ನ ಹತ್ತಿರ ತಾನಾಗಿಯೇ ನಡೆದು ಬಂದ ಸುದ್ದಿ ಅದೊಂದೇ. ನಾನೇನು ಮಾಡಿದೆ ಗೊತ್ತೇ? ರಾತ್ರಿ ಮೇಜಿನಲ್ಲಿ ಎಲೆ ಹಂಚುವಾಗ ಮಾತು ಸಪ್ಪೆಯಾಗಿತ್ತು. ನನಗೆ ಸಪ್ಪೆ ಸೇರುವುದಿಲ್ಲ. “ತಾರಾನಾಥಣ್ಣ, ನನ್ನ ಕುರ್ಚಿಯನ್ನು ನಿಮ್ಮ ಹಮಾಲ ಮಾನಪ್ಪನಿಗೆ ಬಿಟ್ಟುಕೊಡಬೇಕು ಮಾರಾಯ್ರೇ. ಮಸಾಲೆ ಡಬ್ಬ ಮೂಸಿ ವರದಿ ಮಾಡ್ತಾನೆ!” ಎಂದೆ. ಮೇಜೆಲ್ಲ ನಕ್ಕಿತು. ಒಬ್ಬರಿಗೆ ಕುಡಿದದ್ದು ಮೂಗಿನಲ್ಲಿ ಬಂತು. ತಾರಾನಾಥಣ್ಣನವರು ಎಲ್ಲರಿಗಿಂತ ಕೊನೆಗೆ ನಕ್ಕರು, ಎಲ್ಲರಿಗಿಂತ ಹೆಚ್ಚು ಹೊತ್ತು ನಕ್ಕರು. ಚೆನ್ನಾಗಿ ಹೇಳಿದೆನಲ್ಲ ಎಂದು ಹಿಗ್ಗಿದೆ. ಸತ್ಯ ಹೇಳುತ್ತೇನೆ, ಹಿಗ್ಗಿದೆ.

ಬೆಳಿಗ್ಗೆ ತಿಂಡಿಗೆ ಕೂತಾಗ ಮಾನಪ್ಪ ಕಾಣಲಿಲ್ಲ. ಕೇಳಿದೆ.

“ಊರಿಗೆ ಹೋದ ಮಾರಾಯ್ರೇ. ತಾಯಿಗೆ ಹುಷಾರಿಲ್ಲಂತೆ. ಬೆಳಗಿನ ಬೋಟಿಗೇ ಹೋದ” ಎಂದರು ತಾರಾನಾಥಣ್ಣ.

ಆಗ ಗಂಟೆ ಏಳು. ಬೇಟಕ್ಕೆ ಮೊದಲ ಬೋಟು ಬರುವುದು ಎಂಟೂವರೆಗೆ. ನನಗೆ ಗಡಿಯಾರ ನೋಡಲು ಬರುತ್ತದೆ. ಕೈ ತೊಳೆಯಲು ಹೋದಾಗ ಕೆಲಸಗಾರರ ಶೆಡ್ಡಿನಲ್ಲಿ ಮಾನಪ್ಪನ ಚೀಲ ಮೊಳೆಗೆ ತೂಗುತ್ತಿದ್ದುದನ್ನೂ ನೋಡಿದೆ. ಊರಿಗೆ ಹೋಗುವವನು ಚೀಲ ಬಿಟ್ಟು ಹೋಗುತ್ತಾನೆಯೇ? ವಾಪಸು ಬಂದು ಇನ್ನೆರಡು ನೀರುದೋಸೆ ಹಾಕಿಸಿಕೊಂಡೆ.

ಎರಡನೆಯ ಚೀಟಿ. ‘ದಯವಿಟ್ಟು ಮುಗಿಸಿ. ಊಟ ಆರುತ್ತಿದೆ.’ ಸಭಿಕರೇ, ನಿಮ್ಮ ಸಾರು ಆರುತ್ತಿರುವುದಕ್ಕೆ ನನ್ನ ವಿಷಾದವಿದೆ. ಮತ್ತೆ ಬಿಸಿ ಮಾಡುತ್ತಾರೆ. ಎಡಗಡೆ ಬಾಗಿಲಲ್ಲಿ ನಿಂತಿರುವ ಇಬ್ಬರು ದಪ್ಪ ಮಹನೀಯರಿಗೂ ನಮಸ್ಕಾರ. ನಿಮ್ಮನ್ನು ಬೇಟದಲ್ಲಿ ನೋಡಿದ್ದೇನೆ. ಕೂತುಕೊಳ್ಳಿ, ಕುರ್ಚಿ ಇದೆ. ಮೈಕ್ ಆಫ್ ಮಾಡುವ ಯೋಚನೆ ಯಾರಿಗಾದರೂ ಇದ್ದರೆ ಮಾಡಬಹುದು. ನಾನು ಈ ಊರಿಗೆ ಬಂದ ಮೊದಲ ಆರು ವರ್ಷ ನೌಪಾಡಾದ ಹೋಟೆಲಿನಲ್ಲಿ ಕೌಂಟರಿನ ಹತ್ತಿರ ನಿಂತು ಒಳಗಿನ ಅಡುಗೆಮನೆಗೆ ಆರ್ಡರ್ ಕೂಗಿದವನು. ಮಿಕ್ಸರು, ಗ್ರೈಂಡರು, ನೂರು ಗಿರಾಕಿಗಳು, ಇಷ್ಟರ ಮೇಲೆ ನನ್ನ ‘ದೋ ಮಸಾಲಾ, ಏಕ್ ಕಡಕ್’ ಒಲೆಯ ತನಕ ಮುಟ್ಟುತ್ತಿತ್ತು. ರಾತ್ರಿ ಶಾಲೆ ಕನ್ನಡ ಕಲಿಸಿತು, ಗಂಟಲನ್ನು ಕೊಟ್ಟಿದ್ದು ಹೋಟೆಲು. ಹಿಂದಿನ ಸಾಲಿಗೆ ಕೇಳುತ್ತಿದೆಯಲ್ಲ? ಆಯಿತು.

ಮಾರ್ಚ್ ಸಂಚಿಕೆಗೆ, ಅಷ್ಟು ದಿನ ಮುಂದೂಡುತ್ತ ಬಂದಿದ್ದ ತಾರಾನಾಥಣ್ಣನವರ ಪರಿಚಯ ಬರೆಯಲು ಕೂತಾಗ ಕೊನೆಯ ಪ್ಯಾರಾಕ್ಕೆ ಕೆಲಸಗಾರ ಬೇಕಾಯಿತು. ಅವರೇ ಫೋನಿನಲ್ಲಿ ಸೂಚಿಸಿದರು. “ಆ ಮಾನಪ್ಪನದ್ದೇ ಹಾಕಿ ಗುಣಕರಣ್ಣ. ಪಾಪದವ. ನೀವೇ ಕಳಿಸಿಕೊಟ್ಟ ಹಾಗೆ ಬರೆದರೆ ಚಂದ ಉಂಟು.” ಚಂದ ಉಂಟು! ನಾನು ಬರೆದದ್ದನ್ನು ಓದುತ್ತೇನೆ, ಹದಿನಾಲ್ಕನೆಯ ಪುಟ, ಎರಡನೆಯ ಕಾಲಂ. ‘ಊರಿನ ನೆನಪಾದ ಕಾರ್ಮಿಕ ಮಾನಪ್ಪನನ್ನು ಧಣಿಗಳೇ ಬುತ್ತಿ ಕಟ್ಟಿಸಿ ಕಳುಹಿಸಿದರು. ಜೆಟ್ಟಿಯ ತುದಿಯವರೆಗೆ ಹೋಗಿ ಅವನನ್ನು ಬೋಟು ಹತ್ತಿಸಿದ ಭಾಗ್ಯ ಈ ಲೇಖಕನದು. ಬೋಟು ಮರೆಯಾಗುವವರೆಗೂ ಅವನು ಕೈ ಬೀಸುತ್ತಲೇ ಇದ್ದ, ಕಣ್ಣು ತುಂಬಿ.’

ನನ್ನ ಹೆಸರು ಹಾಕಬ್ಯಾಡ್ರಿ ಎಂದಿದ್ದ. ಅವನು ಹೇಳಿದ ಸುದ್ದಿಯನ್ನು ಬಿಟ್ಟೆ. ಅವನ ಹೆಸರೊಂದನ್ನೇ ಹಾಕಿದೆ.

ಎರಡು ವಾರ ಕಳೆದು ಮತ್ತೆ ಫೋನು. ಆ ಲೇಖನ ಮರಾಠಿಯಲ್ಲಿ ಬೇಕು, ಬ್ರೋಷರಿಗೆ. ಅನುವಾದಿಸಿದೆ. ಕೆಳಗೆ ಸಂಪಾದಕರ ಸಹಿ ಮತ್ತು ಸೀಲು ಇರಲಿ ಎಂದರು. ಹಾಕಿದೆ. ಬ್ರೋಷರಿಗೆ ಸೀಲು ಯಾಕೆ ಎಂದು ಹತ್ತನೆಯ ಕ್ಲಾಸಿನ ಮಗು ಕೇಳುತ್ತಿತ್ತು. ನಾನು ಕೇಳಲಿಲ್ಲ. ಚಂದವ್ವ ಗಂಡ ಕಾಣೆಯಾಗಿದ್ದಾನೆ ಎಂದು ಜೆಟ್ಟಿ ಕಡೆಯ ಪೊಲೀಸ್ ಠಾಣೆಯಲ್ಲಿ ದೂರು ಕೊಟ್ಟಿದ್ದಳು. ಆ ಫೈಲಿನಲ್ಲಿ ನನ್ನ ಮರಾಠಿ ಹೋಗಿ ಕೂತಿತು. ಒಬ್ಬ ಪತ್ರಕರ್ತ ಕಣ್ಣಾರೆ ಕಂಡು ಬೋಟು ಹತ್ತಿಸಿದ್ದಾನೆ, ಮನುಷ್ಯ ಸ್ವಂತ ಇಚ್ಛೆಯಿಂದ ಊರಿಗೆ ಹೋಗಿದ್ದಾನೆ. ಫೈಲು ಮುಚ್ಚಿತು. ನನ್ನ ಬರವಣಿಗೆಯನ್ನು ಇಷ್ಟು ಶ್ರದ್ಧೆಯಿಂದ ಓದಿ ಕ್ರಮ ಕೈಗೊಂಡವರು ಬೇರೆ ಯಾರೂ ಇಲ್ಲ.

ಏಪ್ರಿಲ್‌ನಲ್ಲಿ ಚಂದವ್ವ ನಮ್ಮ ಮನೆಗೆ ಬಂದಳು. ಕೈಯಲ್ಲಿ ‘ಖಾಡಿವಾಣಿ’. ಓದಲು ಬರುವುದಿಲ್ಲ, ದಿವಾದಲ್ಲಿ ಪಕ್ಕದ ಮನೆಯ ರಿಕ್ಷಾದ ಜೈಭೀಮ ಓದಿ ಹೇಳಿದ್ದನಂತೆ. ನನ್ನ ಹೆಂಡತಿ ರತ್ನಾವತಿ ಚಹಾ ಕೊಟ್ಟಳು. ಚಂದವ್ವ ಲೋಟ ಮುಟ್ಟಲಿಲ್ಲ. ಬೈಯಲು ಬಂದಳೆಂದುಕೊಂಡೆ. ಬೈದಿದ್ದರೆ ಚೆನ್ನಾಗಿತ್ತು.

“ಅಣ್ಣಾರ, ನೀವು ಕಡೀಗೆ ನೋಡಿದೋರು. ನಿಮ್ಮ ಪುಣ್ಯ ದೊಡ್ಡದೈತಿ. ಅಂವ ಊರಿಗೆ ಮುಟ್ಟಿಲ್ರೀ. ನಮ್ಮ ಅತ್ತಿ ಬಾಲಮ್ಮ ಅಲ್ಲಿ ದಿನಾ ಬಸ್ಸು ನೋಡಾಕತ್ತಾಳ. ಬೋಟ್ ಹತ್ತೂ ಮುಂದ ಯಾವ ಅಂಗಿ ಹಾಕ್ಕೊಂಡಿದ್ದ, ಅಷ್ಟ ಹೇಳ್ರಿ. ಹುಡುಕಾಕ ಅನುಕೂಲ ಆಗ್ತದ.”

ಸಭಿಕರೇ, ಆ ಕ್ಷಣ ನನ್ನ ಮುಂದೆ ಎರಡು ದಾರಿ ಇತ್ತು. ನಾನು ಬೋಟಿನ ಹತ್ತಿರವೇ ಹೋಗಿರಲಿಲ್ಲ ತಾಯಿ ಎಂದು ಹೇಳುವುದೊಂದು.

“ನೀಲಿ” ಎಂದೆ.

ಅವಳು ಹೋದ ಮೇಲೆ ರತ್ನಾವತಿ ತುಳುವಿನಲ್ಲಿ ಕೇಳಿದಳು, “ನೀಲಿ ಅಂತ ನಿಮಗೆ ಹೇಗೆ ಗೊತ್ತು? ನನ್ನ ಸೀರೆ ಯಾವುದೆಂದು ಇವತ್ತಿನವರೆಗೆ ನೀವು ನೋಡಿದ್ದುಂಟಾ?” ಅಂದಿನಿಂದ ಅವಳು ನನಗೆ ಅನ್ನ ಬಡಿಸುತ್ತಾಳೆ, ಪಕ್ಕದಲ್ಲಿ ಕೂರುವುದಿಲ್ಲ. ಇದನ್ನು ಹೇಳಬೇಕೆಂದು ಬರೆದುಕೊಂಡು ಬಂದಿರಲಿಲ್ಲ. ಬಾಯಿಗೆ ಬಂತು, ಇರಲಿ.

ಹದಿನೈದು ದಿನದಲ್ಲಿ ದಿವಾ ಸ್ಟೇಷನ್ನಿನ ಗೋಡೆಯ ಮೇಲೆ ಚೀಟಿ ಅಂಟಿತು. ಮಾನಪ್ಪನ ಫೋಟೋ, ಕೆಳಗೆ ‘ಗುರುತು: ನೀಲಿ ಅಂಗಿ’. ಡೊಂಬಿವಲಿ ಸ್ಟೇಷನ್ನಿನ ಪಾದಚಾರಿ ಸೇತುವೆಯ ಕಂಬಗಳಲ್ಲೂ ಅದೇ. ನಾನು ದಿನಾ ಹಾದು ಹೋಗುವ ದಾರಿ. ನನ್ನ ಕೃತಿಗಳಲ್ಲಿ ಇಷ್ಟು ಪ್ರಸಾರ ಕಂಡದ್ದು ಈ ಎರಡು ಪದ ಮಾತ್ರ. ಒಂದು ಸಂಜೆ ಅದೇ ಸೇತುವೆಯ ಮೇಲೆ ಚಂದವ್ವನನ್ನು ನೋಡಿದೆ. ಜನ ನೂಕಿಕೊಂಡು ಇಳಿಯುವಾಗ ಅವಳು ಎದುರು ನಿಂತು ನೀಲಿ ಅಂಗಿ ತೊಟ್ಟವರ ಮುಖ ಮಾತ್ರ ನೋಡುತ್ತಿದ್ದಳು. ಬಿಳಿ ಅಂಗಿ, ಕೆಂಪು ಅಂಗಿ, ಚೌಕಳಿ ಅಂಗಿ, ಎಲ್ಲರನ್ನೂ ನೋಡದೆ ಬಿಡುತ್ತಿದ್ದಳು. ನಾನು ಹೇಳಿದೆನೆಂದು ಬಿಡುತ್ತಿದ್ದಳು. ಅವಳ ಗಂಡ ಹಳದಿ ಅಂಗಿಯಲ್ಲಿ ಎದುರಿಗೆ ಹಾದು ಹೋದರೂ ಅವಳು ತಲೆಯೆತ್ತುತ್ತಿರಲಿಲ್ಲ.

ನಾನು ಕಂಬದ ಹಿಂದೆ ಅಡಗಿ ನಿಂತೆ. ಅಂದು ನಾನು ತೊಟ್ಟಿದ್ದು ನೀಲಿ ಅಂಗಿ.

ಆಮೇಲೆ ತಿಂಗಳುಗಟ್ಟಲೆ ಬಸ್ಸಿನಲ್ಲಿ ಓಡಾಡಿದೆ, ಸೇತುವೆ ಬೇಡವೆಂದು. ಕೊನೆಗೆ ದಸರಾ ಕಳೆದ ಮೇಲೆ ಆ ಪೊಲೀಸ್ ಠಾಣೆಗೆ ಹೋದೆ. ಅಲ್ಲಿನ ಸಾಹೇಬರು ನನ್ನ ಮಾತು ಕೇಳಿ, ಫೈಲು ತೆಗೆದು, ನನ್ನದೇ ಸೀಲನ್ನು ನನಗೆ ತೋರಿಸಿದರು. “ಗುಣಕರ್‌ಜೀ, ಇಲ್ಲಿ ನೀವೇ ಒಂದು ಹೇಳಿದ್ದೀರಿ, ಈಗ ನೀವೇ ಇನ್ನೊಂದು ಹೇಳ್ತೀರಿ. ಯಾವ ಗುಣಕರ್ ನಿಜ? ಎಲ್ಲಿ ಛಾಪಿಸಿದಿರೋ ಅಲ್ಲೇ ತಿದ್ದಿ ತನ್ನಿ. ಇಲ್ಲದಿದ್ದರೆ ನಾಲ್ಕು ಜನರ ಎದುರು ಹೇಳಿ, ಅವರ ಸಹಿ ತನ್ನಿ. ಫೈಲು ತೆರೆಯೋಣ.” ತಪ್ಪೇನಿದೆ? ಸರಿಯಾಗಿಯೇ ಹೇಳಿದರು.

ಬಳಗದ ಸಮಿತಿಗೆ ಅರ್ಜಿ ಕೊಟ್ಟೆ. ಅರ್ಧ ಪುಟದ ತಿದ್ದುಪಡಿ, ಅಷ್ಟೇ. ಸಮಿತಿ ಮೂರು ಸಭೆ ಸೇರಿತು. ‘ಖಾಡಿವಾಣಿಯಲ್ಲಿ ತಿದ್ದುಪಡಿ ಹಾಕುವ ಪದ್ಧತಿ ಇಲ್ಲ’ ಎಂದು ಉತ್ತರ ಬಂತು. ಅದೇ ಲಕೋಟೆಯಲ್ಲಿ ಇನ್ನೊಂದು ಕಾಗದವೂ ಇತ್ತು. ಈ ವರ್ಷದ ರಾಜ್ಯೋತ್ಸವದಲ್ಲಿ ತಮ್ಮನ್ನು ಸನ್ಮಾನಿಸಲು ಸಮಿತಿ ಒಮ್ಮತದಿಂದ ನಿರ್ಧರಿಸಿದೆ! ಸಭಿಕರೇ, ಬಾಯಿ ಮುಚ್ಚಿಸಲು ಶಾಲಿಗಿಂತ ಮೆತ್ತಗಿನ ಬಟ್ಟೆ ಯಾವುದಿದೆ ಹೇಳಿ? ನಾನು ತಕ್ಷಣ ಒಪ್ಪಿದೆ. ಸನ್ಮಾನಕ್ಕೆ ಉತ್ತರ ಕೊಡಲು ಐದು ನಿಮಿಷ, ಕಾರ್ಯಕ್ರಮ ಯೂಟ್ಯೂಬಿನಲ್ಲಿ ನೇರ ಪ್ರಸಾರ, ಇವೆರಡು ಇರಬೇಕು ಎಂದೆ. ಗುಣಕರಣ್ಣನಿಗೆ ಪ್ರಚಾರದ ಆಸೆ ಎಂದು ಅವರು ನಕ್ಕರು. ನಿಜವೇ.

ಅಧ್ಯಕ್ಷರೇ, ತಾವು ಎದ್ದು ನಿಂತಿದ್ದೀರಿ. ಮಂಡಿ ನೋವಿರಬೇಕು, ನಿಂತೇ ಇರಿ. ತಾರಾನಾಥಣ್ಣನವರಿಂದಲೂ ಒಂದು ಚೀಟಿ ಬಂದಿದೆ. ಅವರ ಕೈಬರಹ ನನಗೆ ಪರಿಚಯ. ‘ಯಾಕೆ ಮಾರಾಯ್ರೇ, ಕೂತು ಮಾತಾಡಿ ಮುಗಿಸುವಾ.’ ತಾರಾನಾಥಣ್ಣ, ನಿಮ್ಮ ಜೊತೆ ಕೂತು ಎರಡು ವರ್ಷ ಮಾತಾಡಿದ್ದೇನೆ. ನಿಂತು ಮಾತಾಡುತ್ತಿರುವುದು ಇದೇ ಮೊದಲು. ಅಭ್ಯಾಸವಿಲ್ಲ, ಹೆದರಿಕೆಯೂ ಇದೆ. ಇರಲಿ. ‘ನಿರ್ಭೀತ’ ಎಂಬುದನ್ನು ಇಲ್ಲೇ ಹೊಡೆದು ಹಾಕಿ, ಆ ಜಾಗದಲ್ಲಿ ಏನೂ ಬರೆಯಬೇಡಿ. ನಾನು ನಿಮ್ಮನ್ನು ಕೊಲೆಗಾರ ಎಂದು ಕರೆಯುತ್ತಿಲ್ಲ. ಆ ರಾತ್ರಿ ಏನಾಯಿತೆಂದು ನಾನು ನೋಡಿಲ್ಲ, ನೋಡದ್ದನ್ನು ಬರೆಯುವ ಚಟ ನನಗೆ ಸಾಕಾಗಿದೆ. ನೋಡಿದ್ದನ್ನು ಮಾತ್ರ ಹೇಳುತ್ತೇನೆ.

ನಾಳೆಯಿಂದ ನಾನು ‘ಖಾಡಿವಾಣಿ’ಯ ಸಂಪಾದಕನಲ್ಲ, ಗೊತ್ತಿದೆ. ಕಪಾಟಿನ ಪಕ್ಕದ ಅರ್ಧ ಮೇಜನ್ನು ನಿನ್ನೆಯೇ ಖಾಲಿ ಮಾಡಿದ್ದೇನೆ. ಪುಡಿಯ ಮೇಜಿನಲ್ಲಿ ಕೂತ ನನ್ನ ಮೇಲೂ ಕೇಸು ಬರಬಹುದು. ಬರಲಿ. ಸುಳ್ಳು ಸೀಲು ಹಾಕಿದವನು ನಾನೇ. ‘ಅವರು ಹೇಳಿದರು, ನಾನು ಹಾಕಿದೆ’ ಎಂದು ಅಲ್ಲಿ ಹೇಳುವುದಿಲ್ಲ. ನನಗೂ ಒಂದು ಕೈ ಇತ್ತು, ಅದರಲ್ಲಿ ಪೆನ್ನಿತ್ತು.

ಈಗ ತಿದ್ದುಪಡಿ. ಕ್ಯಾಮೆರಾದವರು ನನ್ನ ಮುಖ ಬಿಟ್ಟು ಈ ಕಾಗದವನ್ನು ಹತ್ತಿರದಿಂದ ತೋರಿಸಬೇಕು. ಮರಾಠಿಯಲ್ಲೂ ಬರೆದಿದ್ದೇನೆ, ಈ ಸಲ ಬ್ರೋಷರಿಗಲ್ಲ.

‘ಖಾಡಿವಾಣಿಯ ಮಾರ್ಚ್ ಸಂಚಿಕೆ, ಪುಟ ಹದಿನಾಲ್ಕು, ಎರಡನೆಯ ಕಾಲಮಿನಲ್ಲಿ ನಾನು ಬರೆದ ಕೊನೆಯ ಪ್ಯಾರಾ ಸುಳ್ಳು. ಮಾನಪ್ಪನನ್ನು ನಾನು ಬೀಳ್ಕೊಡಲಿಲ್ಲ. ಅವನು ಬೋಟು ಹತ್ತಿದ್ದನ್ನು ನಾನು ನೋಡಲಿಲ್ಲ. ಅವನು ಹೋದನೆಂದು ನನಗೆ ಹೇಳಿದ ಹೊತ್ತಿಗೆ ಬೇಟದಿಂದ ಬೆಳಗಿನ ಯಾವ ಬೋಟೂ ಹೊರಟಿರಲಿಲ್ಲ. ಅವನ ಚೀಲ ಶೆಡ್ಡಿನಲ್ಲೇ ಇತ್ತು. ಹಿಂದಿನ ಸಂಜೆ ಅವನು ಮಸಾಲೆ ಡಬ್ಬಗಳ ಬಗ್ಗೆ ನನ್ನಲ್ಲಿ ನಂಬಿ ಹೇಳಿದ್ದನ್ನು ನಾನು ಅದೇ ರಾತ್ರಿ ಮಾಲೀಕರೆದುರು ತಮಾಷೆ ಮಾಡಿ ಹೇಳಿದೆ. ಸಹಿ, ಗುಣಕರ.’

ಕೇಳಿದಿರಲ್ಲ? ನಾಲ್ಕು ಜನರ ಸಹಿ ಬೇಕು. ನಾನೂರು ಜನ ಇದ್ದೀರಿ. ಕಾಗದ ಎಡಗಡೆ ಬಾಗಿಲ ಹತ್ತಿರದ ಮೇಜಿನ ಮೇಲೆ ಇಡುತ್ತೇನೆ. ಹೌದು, ಆ ಇಬ್ಬರು ಮಹನೀಯರು ನಿಂತಿರುವ ಬಾಗಿಲೇ. ಬಲಗಡೆ ಬಾಗಿಲಿನಿಂದ ಊಟಕ್ಕೆ ಹೋಗಬಹುದು. ಯಾರು ಯಾವ ಬಾಗಿಲಿಗೆ ಹೋದಿರಿ ಎಂದು ನಾನು ಎಲ್ಲೂ ಬರೆಯುವುದಿಲ್ಲ. ನೀವೇ ನೆನಪಿಟ್ಟುಕೊಳ್ಳಿ.

ಮೂರನೆಯ ಸಾಲಿನಲ್ಲಿ, ಸನ್ಮಾನಿತರ ಧರ್ಮಪತ್ನಿಗೆಂದು ಮೀಸಲಿಟ್ಟ ಕುರ್ಚಿಯಲ್ಲಿ ಕೂತಿರುವವರು ಚಂದವ್ವ. ನನ್ನ ಧರ್ಮಪತ್ನಿ ಪಕ್ಕದ ಗೋಡೆಗೊರಗಿ ನಿಂತಿದ್ದಾಳೆ, ಅದು ಅವಳದೇ ತೀರ್ಮಾನ. ಬಳಗದ ಸದಸ್ಯತ್ವದ ಅರ್ಜಿಗಳಲ್ಲಿ ದಿವಾದ ವಿಳಾಸ ಕಂಡ ನೆನಪು ನನಗಿಲ್ಲ. ಇವತ್ತು ಒಬ್ಬರ ಹೆಸರು ಬರೆದುಕೊಳ್ಳಿ.

ಚಂದವ್ವಾ, ನಿಮ್ಮ ಹತ್ತಿರ ಒಂದೇ ಒಂದು ಮಾತು. ಅವತ್ತು ನಿಮ್ಮ ಗಂಡ ಯಾವ ಅಂಗಿ ತೊಟ್ಟಿದ್ದ ಎನ್ನುವುದು ನನಗೆ ಗೊತ್ತಿಲ್ಲ. ನೀಲಿ ನಾನು ಕಟ್ಟಿ ಹೇಳಿದ್ದು. ಇನ್ನು ಸೇತುವೆಯ ಮೇಲೆ ನಿಲ್ಲಬೇಡಿ. ಹುಡುಕಬೇಕಾದ್ದು ಬೇಟದಲ್ಲಿ, ಹುಡುಕಬೇಕಾದವರು ಪೊಲೀಸರು. ಹುಡುಕುವ ತನಕ ಕೂಗುವ ಕೆಲಸ ನನ್ನದು. ಕ್ಷಮಿಸಿ ಎಂದು ಕೇಳುವುದಿಲ್ಲ. ಅದನ್ನು ಕೇಳಿದರೆ ನೀವು ಏನಾದರೂ ಹೇಳಬೇಕಾಗುತ್ತದೆ, ಆ ಕಷ್ಟ ನಿಮಗೆ ಬೇಡ.

ಮೈಕ್ ಆಫ್ ಮಾಡದೆ ಬಿಟ್ಟ ಧ್ವನಿವರ್ಧಕದವರಿಗೆ, ಎರಡನೆಯ ಚೀಟಿಯ ನಂತರ ಚೀಟಿ ಬರೆಯುವುದನ್ನೇ ನಿಲ್ಲಿಸಿದ ಜಯಲತಾ ಅವರಿಗೆ, ಆರಿದ ಸಾರನ್ನು ಮರೆತು ಕೂತ ನಿಮಗೆ ನನ್ನ ವಂದನೆಗಳು. ಶಾಲು, ಪೇಟ, ಬುಟ್ಟಿ, ಫ್ರೇಮು ಇಲ್ಲೇ ಇಟ್ಟಿದ್ದೇನೆ, ಪ್ರಾಯೋಜಕರು ಎಣಿಸಿ ತೆಗೆದುಕೊಳ್ಳಬಹುದು. ಪೆನ್ನು ಮಾತ್ರ ನನ್ನದು, ಅದನ್ನು ಎಡಗಡೆಯ ಮೇಜಿಗೆ ಒಯ್ಯುತ್ತಿದ್ದೇನೆ. ಮೊದಲ ಸಹಿಗೆ ಗೋಡೆಯ ಹತ್ತಿರದಿಂದ ಯಾರೋ ಆಗಲೇ ಹೊರಟಿದ್ದಾರೆ. ದಾರಿ ಬಿಡಿ ಮಹನೀಯರೇ, ಹೆಂಗಸರಿದ್ದಾರೆ.

ನಮಸ್ಕಾರ.